ಮಾರಿದ ನೂಲು, ಒಪ್ಪಿಸಿದ ನೂಲು

"ಬುದ್ಧಿ, ಹೆದರಿಸಿ ವಸೂಲು ಮಾಡಿದರೂ ದುಡ್ಡು ದುಡ್ಡೇ ಅಲ್ಲವೇ?" ಎಂದು ಗುರುಬಸಪ್ಪ ಕೇಳಿದ.

ಗುರುಬಸಪ್ಪ ಸಿಮೆಂಟಿನ ವ್ಯಾಪಾರಿ, ಮಠದ ಶಿಷ್ಯ. ಅವನಲ್ಲಿ ಸಾಲಕ್ಕೆ ಸರಕು ಒಯ್ದ ಮೇಸ್ತ್ರಿಯೊಬ್ಬ ವರ್ಷವಾದರೂ ಹಣ ಕೊಟ್ಟಿರಲಿಲ್ಲ. ಮೋಸ ಮಾಡಿದನೆಂದು ದೂರು ಬರೆಸಿಕೊಂಡು, ಪೊಲೀಸ್ ಠಾಣೆಗೆ ಹೋಗುವ ಮೊದಲು ಗುರುಬಸಪ್ಪ ಮಠದ ಗುರುಗಳ ಆಶೀರ್ವಾದಕ್ಕೆ ಬಂದಿದ್ದ.

"ಮೇಸ್ತ್ರಿ ಮೋಸ ಮಾಡಿದನೇ?" ಎಂದರು ಗುರುಗಳು.

"ಮೋಸ ಅಂತಲ್ಲ ಬುದ್ಧಿ. ಅವನಿಗೂ ಬರಬೇಕಾದದ್ದು ಬಂದಿಲ್ಲವಂತೆ. ಆದರೆ ಹಾಗೆ ಬರೆಯದಿದ್ದರೆ ಪೊಲೀಸರು ಕೈ ಹಾಕುವುದಿಲ್ಲವಲ್ಲ!"

ಗುರುಗಳು ನಕ್ಕರು. "ಭೇಷ್! ಆಶೀರ್ವಾದ ಆಮೇಲೆ ಆಗಲಿ. ಒಂದು ಕತೆ ಕೇಳು. ನಡುವೆ ಬಾಯಿ ಹಾಕಬೇಡ."

ಒಂದು ನೇಕಾರರ ಊರು. ಆ ಊರಲ್ಲಿ ನೂಲು ಎರಡು ಬಗೆಯಲ್ಲಿ ಮಗ್ಗ ಸೇರುತ್ತಿತ್ತು. ನೇಕಾರ ನೂಲನ್ನು ಸಾಲಕ್ಕೆ ಕೊಂಡರೆ ನೂಲೂ ಅವನದು, ಸೀರೆಯೂ ಅವನದು. ಸೀರೆ ಮಾರಿ ಸಾಲ ತೀರಿಸಬೇಕು. ಕೂಲಿಗೆ ನೇಯ್ದರೆ ನೂಲೂ ವ್ಯಾಪಾರಿಯದು, ಸೀರೆಯೂ ವ್ಯಾಪಾರಿಯದು; ನೇಕಾರನಿಗೆ ಕೂಲಿ ಮಾತ್ರ. ಎರಡಕ್ಕೂ ಕಾಗದಪತ್ರ ಇಲ್ಲ. ಎಲ್ಲ ಬಾಯಿಮಾತು.

ಒಬ್ಬ ನೇಕಾರ ಒಬ್ಬ ವ್ಯಾಪಾರಿಯಿಂದ ಸಾಲಕ್ಕೆ ನೂಲು ಕೊಂಡ. ಆ ವರ್ಷ ಸೀರೆ ಮಾರಾಟವಾಗಲಿಲ್ಲ. ವ್ಯಾಪಾರಿ ದುಡ್ಡು ಕೇಳಿದ. "ಕೊಡುತ್ತೇನೆ, ಸ್ವಲ್ಪ ತಡೆಯಿರಿ" ಎಂದ ನೇಕಾರ. ಮತ್ತೆ ಕೇಳಿದ. ಅದೇ ಮಾತು. ವ್ಯಾಪಾರಿಗೆ ಸಿಟ್ಟು ನೆತ್ತಿಗೇರಿತು. ಏರದೆ ಇನ್ನೇನಪ್ಪಾ? ಅವನೂ ಮಿಲ್ಲಿನವರಿಗೆ ಕೊಡಬೇಕಿತ್ತು. ಅವನ ಸಿಟ್ಟನ್ನು ನಾನು ತಪ್ಪೆನ್ನುವುದಿಲ್ಲ.

ಅವನು ಅರ್ಜಿ ಬರೆಯುವವನೊಬ್ಬನ ಹತ್ತಿರ ಹೋದ. ಆ ಮಹಾರಾಯ ಹೇಳಿದ: "ಸಾಲಕ್ಕೆ ದಾವೆ ಹಾಕಿದರೆ ತೀರ್ಪು ಕೇಳಲು ನಿಮ್ಮ ಮೊಮ್ಮಗ ಬರಬೇಕಾದೀತು. ಮಾರಿದೆ ಎನ್ನಬೇಡಿ. ಕೂಲಿಗೆ ನೇಯಲು ನನ್ನ ನೂಲು ಒಪ್ಪಿಸಿದ್ದೆ, ನುಂಗಿಹಾಕಿದ ಎನ್ನಿ. ಪೊಲೀಸರು ಬಾಗಿಲು ತಟ್ಟಿದರೆ ದುಡ್ಡು ತಾನಾಗಿ ಬರುತ್ತದೆ." ಒಂದೇ ಒಂದು ಮಾತು ಬದಲಾಯಿಸುವುದು ತಾನೇ? ವ್ಯಾಪಾರಿ ಹಾಗೇ ಬರೆಸಿದ.

ಪೊಲೀಸರು ಬಂದು ನೇಕಾರನನ್ನು ಹಿಡಿದರು. ಮಗ್ಗದ ಮೇಲೆ ಅರ್ಧ ನೇಯ್ದ ಸೀರೆ ಇತ್ತು. ನುಂಗಿಹಾಕಿದ ಮಾಲು ಅದೇ ಎಂದು, ಎಳೆಗಳನ್ನು ಕತ್ತರಿಸಿ ಗಂಟು ಕಟ್ಟಿದರು. ಹಾಗೆ ನಡುವೆ ಕತ್ತರಿಸಿದರೆ ಅದು ಇತ್ತ ಸೀರೆಯೂ ಅಲ್ಲ, ಅತ್ತ ನೂಲೂ ಅಲ್ಲ. "ಅಯ್ಯೋ, ಅದೊಂದನ್ನು ನೇಯ್ದು ಮುಗಿಸಲು ಬಿಡಿ" ಎಂದು ನೇಕಾರನ ಹೆಂಡತಿ ಬಾಗಿಲಿಗೆ ಅಡ್ಡ ನಿಂತಳು. ಯಾರು ಕೇಳುತ್ತಾರೆ!

ಆಕೆ ಕೈಬಳೆ ಮಾರಿ ವ್ಯಾಪಾರಿಯ ಮನೆಗೆ ಬಂದಳು. "ನಿಮ್ಮ ದುಡ್ಡು ಇಲ್ಲಿದೆ. ಅವರನ್ನು ಬಿಡಿಸಿ, ಆಮೇಲೆ ತಗೊಳ್ಳಿ" ಎಂದಳು. ವ್ಯಾಪಾರಿ ಹಿರಿಹಿರಿ ಹಿಗ್ಗಿದ. ಠಾಣೆಗೆ ಓಡಿ, ದೂರು ವಾಪಸು ಕೊಡಿ ಎಂದ. ಅವರು, "ಅದು ನಿನ್ನ ಅಂಗಡಿಯ ಸಾಮಾನೇನಯ್ಯಾ, ಬೇಕೆಂದಾಗ ಕೊಟ್ಟು ಬೇಡೆಂದಾಗ ತಗೊಳ್ಳಲು? ನಮ್ಮ ಕೈ ದಾಟಿದೆ. ನ್ಯಾಯಾಧೀಶರಿಗೆ ಹೇಳಿಕೋ" ಎಂದರು.

ನ್ಯಾಯಾಧೀಶರು ವ್ಯಾಪಾರಿಯನ್ನು ಕೇಳಿದರು: "ನೂಲನ್ನು ಮಾರಿದ್ದೆಯೋ, ಒಪ್ಪಿಸಿದ್ದೆಯೋ? ಮಾರಿದ್ದರೆ ಇವನು ಸಾಲಗಾರ, ಕಳ್ಳನಲ್ಲ. ಆಗ ಸುಳ್ಳು ದೂರು ಕೊಟ್ಟ ನೀನು ಕಟಕಟೆಗೆ ಬರಬೇಕು. ಒಪ್ಪಿಸಿದ್ದರೆ ಇವನಿಂದ ನಿನಗೆ ಬರುವ ಸಾಲವೇ ಇಲ್ಲ. ನೂಲು ನಿನ್ನದು, ಸಿಕ್ಕಷ್ಟು ತೆಗೆದುಕೊಂಡು ಹೋಗು."

ವ್ಯಾಪಾರಿ ಮನಸ್ಸಿನಲ್ಲೇ ಲೆಕ್ಕ ಹಾಕಿದ. ಒಂದು ಕಡೆ ದುಡ್ಡು, ಜೊತೆಗೆ ಜೈಲು. ಇನ್ನೊಂದು ಕಡೆ ಬರೀ ಗಂಟು. ನೇಕಾರ ಅವನ ಮುಖವನ್ನೇ ನೋಡುತ್ತಿದ್ದ. ವ್ಯಾಪಾರಿಯ ಒಂದು ಮಾತಿನ ಮೇಲೆ ನೇಕಾರ ಮನೆಗೆ ಹೋಗುವುದೋ ಜೈಲಿಗೆ ಹೋಗುವುದೋ ನಿಂತಿತ್ತು.

"ಒಪ್ಪಿಸಿದ್ದೆ ಸ್ವಾಮಿ. ದೇವರಾಣೆಗೂ ಮಾರಿಲ್ಲ. ಇವನಿಂದ ನನಗೆ ಯಾವ ಸಾಲವೂ ಬರಬೇಕಾಗಿಲ್ಲ" ಎಂದ ವ್ಯಾಪಾರಿ.

"ನೀನೇನು ಹೇಳುತ್ತೀ?" ಎಂದು ನೇಕಾರನನ್ನು ಕೇಳಿದರು.

"ಕೊಂಡಿದ್ದೆ ಸ್ವಾಮಿ. ಸಾಲ ಇದೆ. ಕೊಡಬೇಕು" ಎಂದ ಅವನು.

ಅವನ ಮಾತಿಗೆ ಸಾಕ್ಷಿ ಇರಲಿಲ್ಲ. ಆಣೆ ಗೆದ್ದಿತು. ನೇಕಾರ ಜೈಲಿಗೆ ಹೋದ. ಆ ಹೆಣ್ಣುಮಗಳು ದುಡ್ಡನ್ನು ಸೆರಗಿಗೆ ಕಟ್ಟಿಕೊಂಡು ಅಳುತ್ತ ನಡೆದಳು. ವ್ಯಾಪಾರಿ ಕತ್ತರಿಸಿದ ಎಳೆಗಳ ಗಂಟು ಹೊತ್ತು ಮನೆಗೆ ಬಂದ. ಹೇಳುವಾಗಲೂ ನನಗೆ ಹೊಟ್ಟೆ ಉರಿಯುತ್ತದೆ ನೋಡು.

ಗುರುಬಸಪ್ಪನಿಗೆ ತಡೆಯಲಾಗಲಿಲ್ಲ. "ಇದೆಂಥ ನ್ಯಾಯ ಬುದ್ಧಿ! ನೇಕಾರನ ಪಾಡು ಹಾಗಾಯಿತು, ಸರಿ. ಪಾಪ, ವ್ಯಾಪಾರಿಯ ಸಾಲವೂ ಮುಳುಗಿತಲ್ಲ!"

ಗುರುಗಳು ಅವನನ್ನೇ ನೋಡಿ ಕೇಳಿದರು: "ಸಾಲ ಇದೆ ಎಂದವನು ನೇಕಾರ, ಇಲ್ಲವೆಂದು ಆಣೆ ಇಟ್ಟವನು ವ್ಯಾಪಾರಿ; ಹಾಗಾದರೆ ಆ ಸಾಲ ಮುಳುಗಿಸಿದವನು ಯಾರಪ್ಪಾ?"