ಬೂಟು ಹಾಕಿ ಕೂತ ಆಟಗಾರ

"ಬುದ್ಧೀ, ನಾನು ಮಠಕ್ಕೆ ಬಂದು ವರ್ಷವಾಯಿತು. ಎಲ್ಲರೂ ಕೈಮುಗಿಯುತ್ತಾರೆ, ಮುಂದಿನ ಸಾಲಿನಲ್ಲಿ ಕೂರಿಸುತ್ತಾರೆ. ಆದರೆ ನಮ್ಮವನು ಅಂತ ಒಬ್ಬರೂ ಹತ್ತಿರ ಬರುವುದಿಲ್ಲ. ನನ್ನಲ್ಲಿ ಏನು ಕೊರತೆ?"

ಮಠದ ಗುರುಗಳನ್ನು ಹೀಗೆ ಕೇಳಿದವರು ಮಲ್ಲಿನಾಥಪ್ಪ, ಕಾಲೇಜಿನ ಪ್ರಾಂಶುಪಾಲರಾಗಿದ್ದು ನಿವೃತ್ತರಾದವರು. ನಿವೃತ್ತಿಯ ದಿನ ಹೊದಿಸಿದ ಜರಿಶಾಲನ್ನು ಅವರು ಬೇಸಗೆಯಲ್ಲೂ ಹೆಗಲಿನಿಂದ ಇಳಿಸುತ್ತಿರಲಿಲ್ಲ. ಅಂಗಳದಲ್ಲಿ ಮಧ್ಯಾಹ್ನದ ದಾಸೋಹದ ಪಂಕ್ತಿ ಇನ್ನೂ ಉಣ್ಣುತ್ತಿತ್ತು. ಗುರುಗಳು ಒಂದು ಕತೆ ಹೇಳಿದರು.

ಕರಾಚಿಯ ಬಂದರಿನ ಪಕ್ಕದಲ್ಲಿ ಬಲೂಚಿ ಜನರ ಒಂದು ಮೊಹಲ್ಲಾ. ಮೀನು, ಮೂಟೆ, ಕತ್ತೆಗಾಡಿ ಅವರ ಹೊಟ್ಟೆಪಾಡು. ಫುಟ್ಬಾಲ್ ಅವರ ಪ್ರಾಣ. ನಡುವೆ ಮಣ್ಣಿನ ಮೈದಾನ. ಆ ಮೈದಾನಕ್ಕೆ ಒಂದೇ ಕಟ್ಟಳೆ. ಆಡುವವನು ಚಪ್ಪಲಿಯನ್ನು ಗೋಡೆಯ ಬಳಿ ಬಿಟ್ಟು ಬರಿಗಾಲಲ್ಲಿ ಇಳಿಯಬೇಕು. ಎಲ್ಲರಿಗೂ ಬೂಟು ಕೊಳ್ಳುವ ತಾಕತ್ತು ಎಲ್ಲಿಂದ ಬರಬೇಕು? ಒಬ್ಬ ಹಾಕಿಕೊಂಡರೆ ಇನ್ನೊಬ್ಬನ ಬೆರಳು ಮುರಿಯುತ್ತದೆ. ಅಲ್ಲಿ ಯಾರನ್ನೂ ಹೆಸರು ಹಿಡಿದು ಆಟಕ್ಕೆ ಕರೆಯುವುದಿಲ್ಲ. ಇಳಿಹೊತ್ತಿನ ನಮಾಜು ಮುಗಿದ ಮೇಲೆ ಬರಿಗಾಲಲ್ಲಿ ನಿಂತವರನ್ನು ಎರಡು ಪಾಲು ಮಾಡುತ್ತಾರೆ, ಆಟ ಶುರು.

ಆ ಮಣ್ಣಿನಲ್ಲಿ ಬೆಳೆದವನು ಶಂಬೆ. ಎಡಗಾಲಿನ ಆಟಗಾರ. ಚೆಂಡು ಅವನ ಕಾಲಿಗೆ ಸಿಕ್ಕಿತೆಂದರೆ ಕಿತ್ತುಕೊಳ್ಳುವವನು ಹುಟ್ಟಿಬರಬೇಕಿತ್ತು. ಒಂದು ಕಂಪನಿ ತನ್ನ ತಂಡಕ್ಕಾಗಿ ನೌಕರಿ ಕೊಟ್ಟು ಕರೆದೊಯ್ದಿತು. ಅಲ್ಲಿಂದ ಪಾಕಿಸ್ತಾನದ ಹಸಿರು ಅಂಗಿ ಮೈಮೇಲೆ ಬಂತು. ಢಾಕಾ, ಕಠ್ಮಂಡು, ದೋಹಾ ಎಲ್ಲ ಕಡೆ ಆಡಿದ. ಮೊಹಲ್ಲಾದ ಜನ ಗೋಡೆಯ ಮೇಲೆ ಅವನ ಚಿತ್ರ ಬರೆದು ಹೆಮ್ಮೆಪಟ್ಟರು. ಆಮೇಲೆ, ಎಲ್ಲರಿಗೂ ಆಗುವಂತೆ, ವಯಸ್ಸಾಯಿತು. ಮೊಣಕಾಲು ಕೈಕೊಟ್ಟಿತು. ಕಂಪನಿ ತಂಡವನ್ನೇ ಮುಚ್ಚಿತು. ಶಂಬೆ ಮನೆಗೆ ಬಂದ.

ಅವನಿಗೆ ಉಳಿದ ಆಸೆ ಒಂದೇ. ಹುಟ್ಟಿದ ಮಣ್ಣಿನಲ್ಲಿ, ತನ್ನವರ ಜೊತೆ ಮತ್ತೆ ಆಡಬೇಕು.

ಮೊದಲ ಸಂಜೆ, ದೇಶಕ್ಕಾಗಿ ಆಡಿದ ಕೊನೆಯ ಪಂದ್ಯದ ಬೂಟನ್ನು ತಿಕ್ಕಿ ತಿಕ್ಕಿ ಹೊಳೆಯಿಸಿ ಹಾಕಿಕೊಂಡು ಹೋದ. ನೋಡಿದವರಿಗೆ ನೆನಪಾಗಲಿ ಅಂತ. ಮರೆತವರು ಯಾರಿದ್ದರು? ಅವನನ್ನು ಕಂಡದ್ದೇ ತಡ, ಒಬ್ಬ ಕುರ್ಚಿ ತಂದ, ಇನ್ನೊಬ್ಬ ಚಹಾ ತಂದ. ಸಲಾಂ ಮೇಲೆ ಸಲಾಂ. ಆಮೇಲೆ ತಮ್ಮ ಪಾಡಿಗೆ ತಾವು ಪಾಲು ಮಾಡಿಕೊಂಡು ಆಡಿದರು.

ಮರುದಿನವೂ ಕುರ್ಚಿ, ಚಹಾ. ಅದರ ಮರುದಿನವೂ ಅಷ್ಟೇ. ಶಂಬೆ ಬೂಟನ್ನು ಇನ್ನಷ್ಟು ತಿಕ್ಕಿದ. ತಿಂಗಳುಗಳು ಕಳೆದವು. ನಾನು ಇವರಿಗೆ ಬೇಡವಾದೆ ಅಂತ ಒಳಗೊಳಗೇ ಕೊರಗಿದ. ಪಾಪ, ಅವನಿಗೆ ರೊಟ್ಟಿ ಸೇರುತ್ತಿರಲಿಲ್ಲ.

ಕೊನೆಗೊಂದು ಸಂಜೆ ತಡೆಯಲಾರದೆ ಲಾಲ್‌ಬಕ್ಷನ ಮುಂದೆ ಹೋಗಿ ನಿಂತ. ಲಾಲ್‌ಬಕ್ಷ್ ಅವನ ಬಾಲ್ಯದ ಗೆಳೆಯ. ಹಗಲು ಬಂದರಿನಲ್ಲಿ ಮೂಟೆ ಹೊತ್ತು, ಸಂಜೆ ಇಂದಿಗೂ ಗೋಲು ಕಾಯುವವನು.

"ನಾನು ಬೇಡವಾದರೆ ಬಾಯಿಬಿಟ್ಟು ಹೇಳಿಬಿಡು. ಈ ಕುರ್ಚಿ, ಈ ಚಹಾ ಯಾತಕ್ಕೆ?"

ಲಾಲ್‌ಬಕ್ಷ್ ಅವನ ಮುಖ ನೋಡಿದ, ಆಮೇಲೆ ಕಾಲು ನೋಡಿದ.

"ಅಲ್ಲಯ್ಯಾ, ಬೇಡವಾದವರು ನಾವೋ ನೀನೋ? ದಿನಾ ಬೂಟು ಹಾಕಿಕೊಂಡು ಬರುತ್ತೀಯ. ಬೂಟು ಹಾಕಿದವನು ಇಲ್ಲಿ ನೋಡಲು ಬಂದ ನೆಂಟ. ನೆಂಟನಿಗೆ ಕುರ್ಚಿ ಹಾಕದೆ ಇರಲಾಗುತ್ತದೆಯೇ? ಶಂಬೆಗೆ ನಮ್ಮ ಮಣ್ಣು ಸೇರದಾಯಿತಲ್ಲ ಅಂತ ನಾವೂ ನೊಂದುಕೊಂಡೇ ಇದ್ದೇವೆ."

ಶಂಬೆಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಚಿಕ್ಕಂದಿನಲ್ಲಿ ತಾನೇ ಪಾಲಿಸಿದ ಕಟ್ಟಳೆ. ಅಷ್ಟು ವರ್ಷ ಬೂಟಿನಲ್ಲೇ ಕಳೆದವನಿಗೆ ಅದೇ ಮರೆತುಹೋಗಿತ್ತು. ಅಲ್ಲೇ ಕುಕ್ಕರುಗಾಲಲ್ಲಿ ಕೂತು ಬೂಟಿನ ಲಾಡಿ ಬಿಚ್ಚಿದ. ಗೋಡೆಯ ಬಳಿ, ಹರಕು ಚಪ್ಪಲಿಗಳ ನಡುವೆ ಬೂಟು ಇಟ್ಟು ಮೈದಾನಕ್ಕೆ ಇಳಿದ.

ಚೆನ್ನಾಗಿ ಆಡಿದನೇ? ಎಲ್ಲಿಯ ಚೆನ್ನ! ಅಂಗಾಲು ಮೆತ್ತಗಾಗಿತ್ತು, ಮಣ್ಣು ಸುಡುತ್ತಿತ್ತು, ಮೊಣಕಾಲು ಮಾತು ಕೇಳಲಿಲ್ಲ. ಮೀಸೆ ಚಿಗುರದ ಮೀನುಗಾರನೊಬ್ಬ ಅವನ ಎರಡು ಕಾಲಿನ ನಡುವೆಯೇ ಚೆಂಡು ನುಗ್ಗಿಸಿ ಓಡಿದ. ಮೈದಾನವೆಲ್ಲ ಗೊಳ್ಳೆಂದು ನಕ್ಕಿತು. "ಓಡೋ ಮುದುಕಾ, ಓಡು" ಅಂತ ಲಾಲ್‌ಬಕ್ಷ್ ಗೋಲಿನಿಂದ ಕೂಗಿದ. ಆ ಬೈಗುಳ ಕೇಳಿ ಶಂಬೆಯ ಹೊಟ್ಟೆಗೆ ಹಾಲು ಹೊಯ್ದಂತಾಯಿತು.

ಆಟ ಮುಗಿದ ಮೇಲೆ ಯಾರೂ ಅವನಿಗೆ ಚಹಾ ತಂದುಕೊಡಲಿಲ್ಲ. ಎಲ್ಲರ ಜೊತೆ ಕೆಟಲಿನ ಮುಂದೆ ತಳ್ಳಾಡಿ ತನ್ನ ಲೋಟ ತಾನೇ ತುಂಬಿಸಿಕೊಂಡ. ಅವನ ಕುರ್ಚಿಯ ಮೇಲೆ ಯಾರದೋ ಮೇಕೆ ಹತ್ತಿ ನಿಂತಿತ್ತು. ಅದನ್ನು ಇಳಿಸಬೇಕೆಂದು ಅವನಿಗೆ ಅನ್ನಿಸಲೇ ಇಲ್ಲ.

ಗುರುಗಳು ಕತೆ ನಿಲ್ಲಿಸಿದರು. ಗುರುಗಳು ಇನ್ನೂ ಏನಾದರೂ ಹೇಳುತ್ತಾರೆಂದು ಮಲ್ಲಿನಾಥಪ್ಪನವರು ಕಾದರು. ಅಂಗಳದಲ್ಲಿ ಪಂಕ್ತಿ ಏಳುತ್ತಿತ್ತು. ಗುರುಗಳು ಆ ಕಡೆ ನೋಡಿ, ನಗುತ್ತಾ ಅಂದರು:

"ಶಾಲು ಗೂಟಕ್ಕೆ ಹಾಕಿ ಬಾರಪ್ಪಾ, ಎಂಜಲೆಲೆ ಎತ್ತಲು ಒಬ್ಬರು ಕಡಿಮೆ ಇದ್ದಾರೆ."