ಮರೆತ ಸಾಲು

"ಗುರುಗಳೇ, ಸದಾ ಇನ್ನೊಬ್ಬರನ್ನೇ ಅನುಸರಿಸಿ ನಡೆಯುವವರು ದೊಡ್ಡವರಾಗುವುದು ಯಾವಾಗ?" ಎಂದು ಶಿಷ್ಯ ಕೇಳಿದ.

ಗುರುಗಳು ಹೇಳಿದರು:

ಚಾರುಮತಿ ಎಂಬ ಪಿಟೀಲು ವಿದುಷಿ ಇದ್ದಳು. ಆರನೆಯ ವಯಸ್ಸಿಗೆ ಕಮಾನು ಹಿಡಿದವಳು. ಹದಿನೆಂಟು ವರ್ಷ ಗಾಯಕರಿಗೆ ಪಕ್ಕವಾದ್ಯ ನುಡಿಸಿದಳು. ಊರೂರು ತಿರುಗಿದಳು, ವಿಮಾನ ಹತ್ತಿದಳು. ಆಹ್ವಾನ ಪತ್ರಿಕೆಯಲ್ಲಿ ಗಾಯಕರ ಹೆಸರು ದೊಡ್ಡದಾಗಿ, ಆಕೆಯ ಹೆಸರು ಕೆಳಗೆ ಚಿಕ್ಕದಾಗಿ ಇರುತ್ತಿತ್ತು. ಒಂದು ದಿನ ತನ್ನದೇ ಕಛೇರಿ ನಡೆಸಬೇಕೆಂಬುದು ಆಕೆಯ ಆಸೆ.

ಒಮ್ಮೆ ಶ್ರೀಕಂಠಯ್ಯನವರೆಂಬ ಎಪ್ಪತ್ತೈದರ ಗಾಯಕರಿಗೆ ನುಡಿಸಲು ಕುಳಿತಳು. ದೊಡ್ಡ ಸಂಗೀತೋತ್ಸವವೊಂದರ ಇಬ್ಬರು ಆಯ್ಕೆದಾರರು ಎರಡನೆಯ ಸಾಲಿನಲ್ಲಿದ್ದರು. ಪಿಟೀಲು ಕಛೇರಿಗೆ ಒಬ್ಬ ಕಲಾವಿದರನ್ನು ಆರಿಸಲು ಬಂದಿದ್ದರು. ಚಾರುಮತಿಗೆ ಅದು ತಿಳಿದಿತ್ತು.

ಮುಖ್ಯ ಕೃತಿಯ ಚರಣದಲ್ಲಿ ಗಾಯಕರಿಗೆ ಮುಂದಿನ ಸಾಲು ಮರೆತುಹೋಯಿತು. ಕಣ್ಣು ಮುಚ್ಚಿದರು, ನೆನಪಾಗಲಿಲ್ಲ. ಮೃದಂಗ ನಡೆಯುತ್ತಲೇ ಇತ್ತು. ಸಭೆಯ ಕಣ್ಣೆಲ್ಲ ಚಾರುಮತಿಯ ಕಡೆ ತಿರುಗಿತು. ಕೃತಿ ಆಕೆಗೆ ಪೂರ್ತಿ ಬರುತ್ತಿತ್ತು. ಆಗ ಅದನ್ನು ತಾನೇ ಕೈಗೆತ್ತಿಕೊಂಡು ನುಡಿಸಿದ್ದರೆ ಆಯ್ಕೆದಾರರು ಅಲ್ಲಿಯೇ ಹೆಸರು ಬರೆದುಕೊಳ್ಳುತ್ತಿದ್ದರು.

ಆಕೆ ಹಾಗೆ ಮಾಡಲಿಲ್ಲ. ಅವರು ಆಗಷ್ಟೇ ಹಾಡಿದ ಸಾಲನ್ನು, ರುಚಿ ಹತ್ತಿದವಳಂತೆ, ಮತ್ತೊಮ್ಮೆ ನುಡಿಸಿದಳು. ಅದರ ತುದಿಗೆ ಮುಂದಿನ ಸಾಲಿನ ನಾಲ್ಕೇ ಸ್ವರಗಳನ್ನು ಮೆಲ್ಲಗೆ ಸೇರಿಸಿ ನಿಲ್ಲಿಸಿದಳು.

ಮುದುಕರಿಗೆ ಸಾಲು ಸಿಕ್ಕಿತು. ಎಷ್ಟು ಖುಷಿಯಾಯಿತೆಂದರೆ, ಅದನ್ನು ಬಿಡಲು ಮನಸ್ಸಾಗದೆ ಹತ್ತು ಬಗೆಯಲ್ಲಿ ಹಾಡಿದರು. ಚಾರುಮತಿ ಹತ್ತಕ್ಕೂ ಉತ್ತರ ಕೊಟ್ಟಳು. ಹನ್ನೊಂದನೆಯದನ್ನು ತಾನೇ ಮುಂದಿಟ್ಟಳು. ಅವರು "ಭೇಷ್!" ಎಂದು ಅದರ ಬೆನ್ನು ಹತ್ತಿದರು. ಮೃದಂಗದವರು ನುಡಿಸುತ್ತಲೇ ನಕ್ಕರು. ಬಾಗಿಲಲ್ಲಿ ನಿಂತಿದ್ದ ಕಾಫಿಯವನೂ ತಾಳ ಹಾಕಿದ. ಆಯ್ಕೆದಾರರು ಇದ್ದಾರೆಂಬುದೇ ಚಾರುಮತಿಗೆ ಮರೆತುಹೋಯಿತು.

ಕಛೇರಿ ಮುಗಿದ ಮೇಲೆ ಶ್ರೀಕಂಠಯ್ಯನವರು ತಗ್ಗಿದ ದನಿಯಲ್ಲಿ ಕೇಳಿದರು: "ನಾನು ಸಾಲು ಮರೆತದ್ದು ಗೊತ್ತಾಯಿತೇನಮ್ಮ?"

"ನನಗೆಂದು ಜಾಗ ಬಿಟ್ಟಿರಿ ಅಂದುಕೊಂಡೆ, ಮೇಷ್ಟ್ರೇ."

ಮುದುಕರು ಕಣ್ಣಲ್ಲಿ ನೀರು ಬರುವಷ್ಟು ನಕ್ಕರು.

ಆ ವರ್ಷ ಉತ್ಸವದಿಂದ ಕರೆ ಬರಲಿಲ್ಲ. ಬೇರೊಬ್ಬರನ್ನು ಕರೆದಿದ್ದರು. ಚಾರುಮತಿಗೆ ನೋವಾಯಿತು. ಮರುವರ್ಷ ಆಯ್ಕೆದಾರರಿಬ್ಬರೂ ಆಕೆಯ ಮನೆಗೇ ಬಂದರು. "ಅಂದು ಹಾಡು ಕೇಳುತ್ತ ಕೂತು ಒಂದಕ್ಷರವನ್ನೂ ಬರೆಯಲಿಲ್ಲ. ಖಾಲಿ ಹಾಳೆಯನ್ನು ಸಮಿತಿಗೆ ತೋರಿಸಲು ಆಗಲಿಲ್ಲ. ಈ ಸಲ ಹೆಸರು ಮೊದಲೇ ಬರೆದು ತಂದಿದ್ದೇವೆ" ಎಂದರು. ಆಕೆ ನಗುತ್ತಲೇ ಒಪ್ಪಿದಳು.

ಹೀಗೆ ಚಾರುಮತಿ ತನ್ನ ಮೊದಲ ಕಛೇರಿ ನಡೆಸಿದಳು. ಮುಂದೆ ಅನೇಕ ದೇಶಗಳಲ್ಲಿ ನಡೆಸಿದಳು. ಆದರೂ ಶ್ರೀಕಂಠಯ್ಯನವರು ಕರೆದಾಗಲೆಲ್ಲ ಬೇರೆ ಕೆಲಸ ಬಿಟ್ಟು ಓಡಿಹೋಗಿ ಅವರ ಪಕ್ಕದಲ್ಲಿ ಕೂರುತ್ತಿದ್ದಳು.

ಗುರುಗಳು ಕತೆ ನಿಲ್ಲಿಸಿದರು. ಶಿಷ್ಯನಿಗೆ ಸಮಾಧಾನವಾಗಲಿಲ್ಲ. "ಹಾಗಾದರೆ ಆ ಸಂಜೆ ವೇದಿಕೆಯ ಮೇಲೆ ದೊಡ್ಡವರು ಯಾರಾಗಿದ್ದರು, ಗುರುಗಳೇ?" ಎಂದ.

ಗುರುಗಳು ಹೇಳಿದರು: "ಅದನ್ನು ಕೇಳಲು ಆ ಸಂಜೆ ಅಲ್ಲಿ ಯಾರಿಗೂ ಬಿಡುವಿರಲಿಲ್ಲ."