ಮಲಗು ಎನ್ನುವ ಮಾತು

ಶಿಷ್ಯನೊಬ್ಬ ಕೇಳಿದ: "ಗುರುಗಳೇ, ನಮ್ಮ ಮನೆಯ ನಾಯಿಗೆ ವಾಸಿಯಾಗದ ಕಾಯಿಲೆ. ಸೂಜಿ ಕೊಟ್ಟು ನೋವಿಲ್ಲದೆ ಕಳಿಸಿಬಿಡೋಣ ಎನ್ನುತ್ತಾರೆ ಡಾಕ್ಟರು. ನನ್ನನ್ನೇ ನಂಬಿದ ಜೀವ ಅದು. ಒಪ್ಪಿದರೆ ದ್ರೋಹವಾಗುವುದಿಲ್ಲವೇ?"

ಗುರುಗಳು ಹೇಳಿದರು:

ಒಬ್ಬ ಕುರಿಗಾಹಿಯಿದ್ದ. ಅವನ ನಾಯಿ ಕೆಂಚ. ಹನ್ನೊಂದು ವರ್ಷ ಅದು ಒಂದು ಮರಿಯನ್ನೂ ತೋಳದ ಬಾಯಿಗೆ ಬಿಟ್ಟಿರಲಿಲ್ಲ. ಊರವರು ಕುರಿಗಾಹಿಯ ಹೆಸರು ಮರೆತರೂ ಕೆಂಚನ ಹೆಸರು ಮರೆಯುತ್ತಿರಲಿಲ್ಲ. ಪ್ರತಿ ಸಂಜೆ ಕುರಿಗಳು ದೊಡ್ಡಿ ಸೇರುವಾಗ ಕೆಂಚ ಬಾಗಿಲಲ್ಲಿ ನಿಂತಿರುತ್ತಿತ್ತು. ಒಡೆಯ ಮುಳ್ಳುಕಂಟಿ ಎಳೆದು ಬಾಗಿಲು ಮುಚ್ಚಿ, "ಎಲ್ಲಾ ಬಂದ್ವು ಕಣೋ, ಇನ್ನು ಮಲಗು" ಎನ್ನಬೇಕು. ಆಮೇಲೆಯೇ ಅದು ನೆಲಕ್ಕೆ ಮೈಯಿಡುತ್ತಿದ್ದುದು.

ಮುಪ್ಪಿನಲ್ಲಿ ಕೆಂಚನ ಹೊಟ್ಟೆಯಲ್ಲಿ ಗಡ್ಡೆ ಬೆಳೆಯಿತು. ದನದ ಡಾಕ್ಟರು ನೋಡಿ, ಸೂಜಿಯ ಮಾತೆತ್ತಿದರು. ಕುರಿಗಾಹಿ ಒಪ್ಪಲಿಲ್ಲ. "ಇವತ್ತು ಎರಡು ತುತ್ತು ತಿಂದಿದೆ, ನಾಳೆ ನೋಡೋಣ" ಎಂದ. ಹೀಗೆ ಆರು ನಾಳೆಗಳು ಕಳೆದವು. ಅವನಿಗೊಂದು ಭಯ ಹತ್ತಿತ್ತು. ಮಲಗು ಎಂದರೆ ಇದು ಮಲಗಿಯೇ ಬಿಟ್ಟೀತು ಎಂದು ಆ ಮಾತನ್ನೇ ನುಂಗಿಕೊಂಡ. ಬಾಗಿಲು ಮುಚ್ಚಿ, ಮುಖ ತಿರುಗಿಸಿಕೊಂಡು ಹೋಗುತ್ತಿದ್ದ. ಕೆಂಚ ಬಾಗಿಲಲ್ಲೇ ಇರುತ್ತಿತ್ತು. ಕುಸಿದರೂ ಮತ್ತೆ ಎದ್ದು ನಿಲ್ಲುತ್ತಿತ್ತು.

ಏಳನೆಯ ಬೆಳಿಗ್ಗೆ ಅವನು ಹೆಂಡತಿಗೆ ಹೆಮ್ಮೆಯಿಂದ ಹೇಳಿದ: "ನೋಡೇ, ಎಂಥಾ ಗಟ್ಟಿ ಜೀವ! ಇನ್ನೂ ನಿಂತೇ ಇದೆ."

"ಕಾಲು ನಡುಗ್ತಾ ಇರೋದು ಕಾಣಲ್ವಾ? ನೀವು ಮಲಗು ಅಂದ್ರೆ ತಾನೆ ಅದು ಮಲಗೋದು?" ಎಂದಳು ಅವಳು.

ಕುರಿಗಾಹಿ ನಾಚಿಕೆಯಿಂದ ಕುಗ್ಗಿಹೋದ. ಎದ್ದು ರುಮಾಲು ಸುತ್ತಿದ. ತಾನೇ ಹೋಗಿ ಡಾಕ್ಟರಿಗೆ ಸಂಜೆ ಬರಲು ಹೇಳಿದ.

ಅಂದು ಬಿಸಿಲಿರುವಾಗಲೇ ಕುರಿಗಳನ್ನು ಮರಳಿಸಿದ. ಅಂದೇ ಹುಟ್ಟಿದ ಮರಿಯೊಂದನ್ನು ಕೆಂಚನ ಮೂಗಿನ ಬಳಿ ಹಿಡಿದು, ಆಮೇಲೆ ಒಳಗೆ ಬಿಟ್ಟ. ಉಳಿದವು ಒಂದೊಂದಾಗಿ ಅದರ ಮುಂದೆಯೇ ಹಾದುಹೋದವು. ಒಂದು ತುಂಟ ಕುರಿ ಮಾತ್ರ ಎಂದಿನಂತೆ ಪೊದೆಯ ಕಡೆ ಓಟ ಕಿತ್ತಿತು. ಕೆಂಚ ಕತ್ತೆತ್ತಿ ಒಂದೇ ಸಲ ಬೊಗಳಿತು. ಕುರಿ ತೆಪ್ಪಗೆ ತಿರುಗಿ ದೊಡ್ಡಿಯೊಳಗೆ ನಡೆಯಿತು. "ಭಲೇ ನನ್ನ ಹುಲಿ!" ಎಂದು ಕುರಿಗಾಹಿ ಊರಿಗೆಲ್ಲ ಕೇಳುವಂತೆ ಕೂಗಿದ.

ಬಾಗಿಲು ಮುಚ್ಚಿ ಕೆಂಚನ ಪಕ್ಕದಲ್ಲಿ ಕೂತು ಹೇಳಿದ: "ಎಲ್ಲಾ ಬಂದ್ವು ಕಣೋ, ಇನ್ನು ಮಲಗು." ಕೆಂಚ ಅವನ ತೊಡೆಯ ಮೇಲೆ ತಲೆಯಿಟ್ಟು ಮೈಚಾಚಿತು. ಡಾಕ್ಟರು ಸೂಜಿ ಚುಚ್ಚಿದ್ದು ಅದಕ್ಕೆ ತಿಳಿಯಲೇ ಇಲ್ಲ.

ಕುರಿಗಾಹಿ ಬಿಕ್ಕಿ ಬಿಕ್ಕಿ ಅತ್ತ. ಮರುದಿನ ಸಂಜೆ ನಾಯಿಯಿಲ್ಲದ ಬಾಗಿಲಲ್ಲೂ ಅದೇ ಮಾತು ಹೇಳಿದ. ಕಣ್ಣೊರೆಸಿಕೊಂಡ, ಮೀಸೆಯನ್ನೂ ತಿರುವಿದ. ಕೊನೆಯ ಸಂಜೆಯವರೆಗೂ ಒಂದು ಕುರಿಯನ್ನೂ ಕಳೆಯದ ನಾಯಿಯ ಒಡೆಯ ಅವನು.

ಕತೆ ಮುಗಿಯಿತು. ಗುರುಗಳು ಶಿಷ್ಯನನ್ನು ಮೆಲ್ಲಗೆ ಕೇಳಿದರು:

"ನಿನ್ನ ನಾಯಿ ಈಗ ಮಲಗಿದೆಯೋ, ನಿಂತಿದೆಯೋ?"